ಧೂಮಕೇಶಿ ಎರಡನೇ ಸಲ ಸತ್ತದ್ದು

ಮೊನ್ನೆ ನನ್ನ ಟ್ರಂಕಿನ ತಳದಿಂದ ಹೆಕ್ಕಿ ತೆಗೆದು, ಇದು ಯಾವ ಪ್ರಾಣಿಯ ಹಲ್ಲು ಅಜ್ಜಿ ಎಂದು ಕೇಳಿದಿರಲ್ಲ, ಅದು ಪ್ರಾಣಿಯದಲ್ಲ. ನಿಮ್ಮ ಮುತ್ತಜ್ಜನದು. ನಾನು ಹಾಗೆಂದ ಕೂಡಲೇ ಚಿಕ್ಕವಳು ಅದನ್ನು ಬಿಸಾಕಿ ಓಡಿದಳು. ದೊಡ್ಡವನು ಮಾತ್ರ ಎತ್ತಿ ಮೂಸಿ, "ಸೋರೆಬುರುಡೆ ಇದ್ದಂಗೈತೆ" ಎಂದ. ಸೋರೆಬುರುಡೆಯೇ. ಒಣಗಿಸಿ, ಕೊಯ್ದು, ಸುಣ್ಣ ತಿಕ್ಕಿ ಮಾಡಿದ ಕೋರೆಹಲ್ಲು. ಜೋಡಿಯ ಇನ್ನೊಂದು ಎಲ್ಲಿ ಹೋಯಿತೋ ಗೊತ್ತಿಲ್ಲ, ಇಲಿ ತಿಂದಿರಬೇಕು. ರಕ್ಕಸಿಯ ಹಲ್ಲು ತಿಂದ ಇಲಿಗೆ ಆಮೇಲೆ ಏನಾಯಿತೋ ಅದೂ ಗೊತ್ತಿಲ್ಲ.

ಹೇಳು ಹೇಳು ಎಂದು ನೀವು ಸುತ್ತ ಕೂತಿರಿ. ನಾಲ್ಕು ಜನ ಮುಖ ನೋಡುತ್ತಿದ್ದರೆ ನನಗೆ ಬಾಯಿ ಬರುವುದಿಲ್ಲ. ನೀವು ಮೂವರೇ, ಅದೂ ನನ್ನ ಮೊಮ್ಮಕ್ಕಳು, ಆದರೂ ಬರಲಿಲ್ಲ. ಏನೋ ನೆಪ ಹೇಳಿ ಅಡುಗೆಮನೆಗೆ ಹೋಗಿ ಆರಿದ ಒಲೆಯನ್ನು ಊದುತ್ತ ಕೂತೆ. ಬರೆಯುವುದಾದರೆ ಕಷ್ಟವಿಲ್ಲ. ಕಾಗದ ನನ್ನ ಮುಖ ನೋಡುವುದಿಲ್ಲ.

ನಮ್ಮದು ಕೊಂಡ್ಲಹಳ್ಳಿ. ಮನೆಯೊಳಗೆ ಒಂದು ಕುಣಿಮಗ್ಗ. ಅಂದರೆ ನೆಲದಲ್ಲಿ ಗುಂಡಿ ತೋಡಿ, ಕಾಲನ್ನು ಅದರೊಳಗೆ ಇಳಿಬಿಟ್ಟು ಕೂತು ನೇಯುವ ಮಗ್ಗ. ಅಪ್ಪ ಬೆಳಗ್ಗೆ ಆ ಗುಂಡಿಗೆ ಇಳಿದರೆ ಸೊಂಟದಿಂದ ಕೆಳಗಿನ ಅಪ್ಪನನ್ನು ಮಧ್ಯಾಹ್ನದ ತನಕ ಯಾರೂ ಕಾಣುತ್ತಿರಲಿಲ್ಲ. ಚಿಕ್ಕವಳಿದ್ದಾಗ ಅಪ್ಪನೆಂದರೆ ಅರ್ಧವೇ ಇರುತ್ತಾನೆಂದು ನಾನು ತಿಳಿದಿದ್ದೆ. ಅಪ್ಪನ ಹೆಸರು ಬೊಮ್ಮಣ್ಣ. ರೇಷ್ಮೆ ಸೀರೆ ನೇಯುತ್ತಿದ್ದ. ಮಾತು ಬಹಳ ಕಡಿಮೆ. ಬಾಗಿಲಿಗೆ ಯಾರಾದರೂ ಹೆಂಗಸರು ಬಂದು ಏನಾದರೂ ಕೇಳಿದರೆ ತಲೆ ಎತ್ತದೆ ನೂಲಿಗೆ ಉತ್ತರ ಹೇಳುತ್ತಿದ್ದ. ನನ್ನ ನಾಚಿಕೆ ಎಲ್ಲಿಂದ ಬಂತು ಎಂದು ನಿಮ್ಮ ತಾಯಿ ಕೇಳುತ್ತಿರುತ್ತಾಳಲ್ಲ, ಅಲ್ಲಿಂದ.

ಇಂಥ ಅಪ್ಪ ವರ್ಷಕ್ಕೊಂದು ಸಲ, ಸುಗ್ಗಿ ಮುಗಿದ ಮೇಲೆ ಊರಿನ ಬಯಲಾಟದಲ್ಲಿ ಧೂಮಕೇಶಿ ಎಂಬ ರಕ್ಕಸಿಯಾಗುತ್ತಿದ್ದ. ಆ ಪಾತ್ರ ನಮ್ಮ ಮನೆತನದ್ದು, ತಾತನಿಂದ ಬಂದದ್ದು. ಆ ಒಂದು ದಿನ ಅವನು ಹಾಕುತ್ತಿದ್ದ ಅಬ್ಬರಕ್ಕೆ ದನಗಳು ಹಗ್ಗ ಕಿತ್ತುಕೊಳ್ಳುತ್ತಿದ್ದವು. ಧೂಮಕೇಶಿ ಸಿದ್ದಾಪುರದ ಕಡೆಯ ಬಂಡೆಗಳ ಸಂದಿಯಲ್ಲಿ ವಾಸ. ಆಹಾರ, ಮದುಮಕ್ಕಳು. ದಿಬ್ಬಣದಲ್ಲಿ ಬೇರೆ ಯಾರನ್ನೂ ಮುಟ್ಟುವವಳಲ್ಲ. ಮದುಮಗನೊಬ್ಬನನ್ನು ಬಾಸಿಂಗದ ಸಮೇತ ನುಂಗಿ, ಉಳಿದವರನ್ನು "ಹೋಗಿ ಬನ್ನಿ" ಎಂದು ಕಳಿಸುತ್ತಿದ್ದಳು. ಕೊನೆಗೆ ಒಬ್ಬ ರಾಜಕುಮಾರ ಮದುಮಗನ ವೇಷದಲ್ಲಿ ಬಂದು ಅವಳನ್ನು ಕಡಿಯುತ್ತಿದ್ದ. ಆಟದ ಹಾಡಿನಲ್ಲಿ ಧೂಮಕೇಶಿ, ಜನರ ಬಾಯಲ್ಲಿ ದೂಮಕ್ಕ.

ಹುಡುಗಿಯರು ನನ್ನನ್ನು ರೇಗಿಸುತ್ತಿದ್ದರು. "ನಿಮ್ಮಪ್ಪ ರಕ್ಕಸಿ ಅಂದ್ರೆ ನಿಮ್ಮವ್ವ ಯಾರೇ ನಿಂಗಿ? ರಕ್ಕಸಿ ಗಂಡನಾ?"

ಅಳುತ್ತಾ ಬಂದು ಅವ್ವನನ್ನು ಕೇಳಿದೆ. ಅವ್ವ ಒಂದು ಕೈಯಲ್ಲಿ ಮುದ್ದೆ ತಿರುವುತ್ತ, ಇನ್ನೊಂದು ಕೈಯಲ್ಲಿ ಒಲೆಗೆ ಸೌದೆ ತಳ್ಳುತ್ತ, "ಹೌದು ಅಂತ ಹೇಳು. ಗಂಡಸು ಮಾಡೋ ಕೆಲಸ ಎಲ್ಲಾ ಈ ಮನೇಲಿ ನಾನೇ ಅಲ್ವಾ ಮಾಡ್ತಿರೋದು?" ಎಂದಳು.

ಈಗ ಒಂದು ಪದ್ಧತಿ ಹೇಳಬೇಕು, ಇಲ್ಲದಿದ್ದರೆ ಮುಂದಿನದು ನಿಮಗೆ ತಿಳಿಯುವುದಿಲ್ಲ. ನಮ್ಮೂರಿನ ಆಟದಲ್ಲಿ ಸತ್ತವರು ತಾವಾಗಿ ಏಳಬಾರದು. ಕೊಲೆಯಾದ ವೇಷ ಬಿದ್ದ ಜಾಗದಲ್ಲೇ ಅಲ್ಲಾಡದೆ ಬಿದ್ದಿರಬೇಕು. ಮನೆಯವರೊಬ್ಬರು ಚೊಂಬಿನಲ್ಲಿ ನೀರು ತಂದು, ಅವನ ಸ್ವಂತ ಹೆಸರು ಹಿಡಿದು ಗಟ್ಟಿಯಾಗಿ ಕರೆಯಬೇಕು. ಅವನು ‘ಓ’ ಎನ್ನಬೇಕು. ಆಮೇಲೆ ಕರೆದವರೇ ನೆತ್ತಿಗೆ ನೀರು ಹೊಯ್ದರೆ ವೇಷ ಇಳಿಯಿತು, ಮನುಷ್ಯ ವಾಪಸು ಬಂದ ಎಂದು ಲೆಕ್ಕ. ನಮ್ಮ ಮನೆಯಲ್ಲಿ ಈ ಕೆಲಸ ಅಪ್ಪನ ತಾಯಿಯದು. ಅವಳು ಹೊಲದ ಆಚೆಯ ಎಮ್ಮೆಯನ್ನು ಕರೆಯುವ ದನಿಯಲ್ಲಿ "ಲೇ ಬೊಮ್ಮಾ" ಎಂದರೆ ಅಪ್ಪನ ಜೊತೆಗೆ ಮಲಗಿದ್ದ ಪ್ರೇಕ್ಷಕರೂ ಎದ್ದು ಕೂರುತ್ತಿದ್ದರು.

ಆ ಅಜ್ಜಿ ಒಂದು ಮಳೆಗಾಲದಲ್ಲಿ ತೀರಿಕೊಂಡಳು. ಸುಗ್ಗಿಯಾಯಿತು, ಆಟವಾಯಿತು, ಅಪ್ಪ ಸತ್ತು ಬಿದ್ದ. ಕರೆಯಬೇಕಾದವರು ಯಾರು ಎಂಬುದು ಯಾರಿಗೂ ಹೊಳೆಯಲಿಲ್ಲ. ಅವ್ವ ಎಮ್ಮೆಯ ಹಾಲು ಕರೆಯಲು ಹೋಗಿದ್ದಳು. ಇದ್ದರೂ ಕರೆಯುವ ಹಾಗಿರಲಿಲ್ಲ. ಗಂಡನ ಹೆಸರು ಹೇಳುವುದುಂಟೇ? ನಾನು ನಿಮ್ಮ ಅಜ್ಜನ ಜೊತೆ ಇಷ್ಟು ವರ್ಷ ಬಾಳಿದೆ. ಅವರ ಹೆಸರನ್ನು ನಾನು ಬಾಯಿಬಿಟ್ಟು ಹೇಳಿದ್ದು ಇವತ್ತಿಗೂ ಇಲ್ಲ. ಬರೆದು ತೋರಿಸಿದ್ದೇನೆ. ಅವರು ಹೋದ ಮೇಲೆ ಅಮಲ್ದಾರರ ಕಚೇರಿಯಲ್ಲಿ ಗುಮಾಸ್ತರು ಗಂಡನ ಹೆಸರೇನಮ್ಮ ಎಂದಾಗ ಬೆರಳಿನಿಂದ ಅವರ ಮೇಜಿನ ಧೂಳಿನ ಮೇಲೆ ಬರೆದೆ. ಧೂಳು ಬೇಕಾದಷ್ಟಿತ್ತು.

ಇರಲಿ. ಜನ ಚಾಪೆ ಸುತ್ತಿಕೊಂಡು ಹೋದರು. ಅಪ್ಪ ಒಂದಷ್ಟು ಹೊತ್ತು ಬಿದ್ದಿದ್ದು, ಒಂದು ಕಣ್ಣು ತೆರೆದು, ಒಂದು ನಾಯಿಯ ಹೊರತು ಯಾರೂ ಇಲ್ಲವೆಂದು ನೋಡಿಕೊಂಡು, ಎದ್ದು ಮನೆಗೆ ಬಂದ. ಮೈ ತೊಳೆದ, ಮುದ್ದೆ ಉಂಡ, ಗುಂಡಿಗೆ ಇಳಿದ.

ನಾಲ್ಕನೇ ದಿನ ಚಳ್ಳಕೆರೆಯಿಂದ ಮಾರಕ್ಕಜ್ಜಿ ಬಂದಳು. ಅವರದು ಅಲ್ಲಿ ಜವಳಿ ಅಂಗಡಿ. ಅವಳ ಮೊಮ್ಮಗ ಸಿದ್ದಣ್ಣನಿಗೆ ನನ್ನಕ್ಕ ಗೌರಿಯನ್ನು ಕೇಳಿದ್ದರು. ನೀವು ಗೌರಕ್ಕನನ್ನು ನೋಡಿಲ್ಲ. ಅವಳಿಗೆ ಆಗ ಹದಿನೆಂಟು ತುಂಬಿತ್ತು. ಆ ಕಾಲಕ್ಕೆ ಅದು ದೊಡ್ಡ ವಯಸ್ಸು. ಎರಡು ಸಂಬಂಧ ಕೂಡಿದ ಹಾಗೆ ಮಾಡಿ ತಪ್ಪಿದ್ದವು. ಈ ಹುಡುಗ ಮೊದಲ ಸಲ ಬಂದಾಗ ಅಕ್ಕ ಒಂದು ಚೊಂಬು ನೀರನ್ನು ಅವನ ಪಂಚೆಯ ಮೇಲೆ ಸುರಿದಿದ್ದಳು. ಅವನು, "ಬಿಸಿಲಿಗೆ ತಂಪಾಯ್ತು ಬಿಡ್ರಿ" ಎಂದಿದ್ದ. ಅಷ್ಟೇ. ಅವತ್ತಿನಿಂದ ಅಕ್ಕ ಯಾರಿಗೆ ನೀರು ಕೊಟ್ಟರೂ ತುಳುಕುವಷ್ಟು ತುಂಬಿಸಿ ಕೊಡುತ್ತಿದ್ದಳು, ಕೊಟ್ಟು ತನ್ನಷ್ಟಕ್ಕೆ ನಗುತ್ತಿದ್ದಳು. ಈ ಮದುವೆ ತಪ್ಪಿದರೆ ಅವಳು ಮತ್ತೆ ನಗುವುದಿಲ್ಲ ಎಂದು ನನಗೂ ಗೊತ್ತಿತ್ತು, ಅವ್ವನಿಗೂ ಗೊತ್ತಿತ್ತು.

ಮಾರಕ್ಕಜ್ಜಿ ಮಾತು ಮುಗಿಸಲೆಂದೇ ಬಂದವಳು. ಮಜ್ಜಿಗೆ ಕುಡಿಯುತ್ತ ಅದೂ ಇದೂ ಮಾತಾಡಿ, "ಆಟ ಚೆನ್ನಾಗಾಯ್ತಂತಲ್ಲ. ನಿಮ್ಮತ್ತೆ ಇಲ್ವಲ್ಲೇ, ಈ ಸಲ ಯಾರು ಕರೆದ್ರು?" ಎಂದಳು.

ಸೊಪ್ಪು ಸೋಸುತ್ತಿದ್ದ ಅವ್ವನ ಕೈ ನಿಂತಿತು. "ಯಾರೂ ಕರೀಲಿಲ್ಲ ಕಣಜ್ಜಿ."

ಮಾರಕ್ಕಜ್ಜಿ ಲೋಟವನ್ನು ಕೆಳಗಿಟ್ಟಳು. ಮಗ್ಗದ ಕಡೆ ಕೈ ತೋರಿಸಿ, ದನಿ ತಗ್ಗಿಸಿ, "ಹಂಗಾದ್ರೆ ಅಲ್ಲಿ ಕುಂತಿರೋದು ಯಾರು?" ಎಂದಳು.

ನಾವೆಲ್ಲ ತಿರುಗಿ ನೋಡಿದೆವು. ಅರ್ಧ ಅಪ್ಪ ಲಾಳಿ ಹಿಡಿದು ಕೂತಿದ್ದ. ನಾವು ನೋಡುತ್ತಿರುವುದನ್ನು ಕಂಡು ಅವನೂ ತನ್ನನ್ನು ತಾನು ಒಂದು ಸಲ ಬಗ್ಗಿ ನೋಡಿಕೊಂಡ.

"ಧಾರೆ ಎರೆಯೋ ಕೈ ಯಾರದು ಅಂತ ಗೊತ್ತಿಲ್ದೆ ಹೆಣ್ಣು ತರಾಕಾಗಲ್ಲ ಕಣವ್ವ" ಎಂದು ಮಾರಕ್ಕಜ್ಜಿ ಎದ್ದೇ ಬಿಟ್ಟಳು. "ಅದೂ ಬ್ಯಾರೆ ಯಾವ ರಕ್ಕಸಿ ಆದ್ರೂ ನೋಡಬೋದಿತ್ತು. ಇದು ಮದುಮಕ್ಕಳನ್ನೇ ತಿನ್ನೋದು. ನನಗಿರೋನು ಒಬ್ಬ ಮೊಮ್ಮಗ. ಬರೋ ಹುಣ್ಣಿಮೆ ಒಳಗೆ ನಿಮ್ಮ ರಕ್ಕಸೀನ ಇಳಿಸ್ಕಳ್ರಿ. ಇಲ್ದಿದ್ರೆ ರಾಯದುರ್ಗದ ಕಡೆ ಒಂದು ಹೆಣ್ಣು ನೋಡೈತೆ."

ಒಳಬಾಗಿಲ ಹಿಂದೆ ಅಕ್ಕ ಕೇಳಿಸಿಕೊಳ್ಳುತ್ತಿದ್ದಳು. ಗಾಡಿ ಹೋದ ಮೇಲೆ ಅವಳು ಹೋಗಿ ಅಪ್ಪನ ಮುಂದೆ ನೀರಿಟ್ಟಳು. ಚೊಂಬು ಅರ್ಧವೇ ಇತ್ತು.

ಸುದ್ದಿ ಊರಿಗೆಲ್ಲ ಹಬ್ಬಿತು. ಯಾರಿಗೂ ಅಪ್ಪನ ಮೇಲೆ ಸಿಟ್ಟಿರಲಿಲ್ಲ. ಎಲ್ಲರೂ ಬಹಳ ಮರ್ಯಾದೆಯಿಂದಲೇ ನಡೆದುಕೊಂಡರು, ರಕ್ಕಸಿಗೆ ಕೊಡುವ ಮರ್ಯಾದೆ ಅಷ್ಟೆ. ಬೊಮ್ಮಣ್ಣ ಎಂದು ಕರೆಯುವುದನ್ನು ನಿಲ್ಲಿಸಿದರು. ಹೊರಗಿನವರು ಕರೆದರೆ ಒಳಗಿರುವುದು ಕೆರಳಬಹುದು ಎಂದು ಭಯ. "ದೂಮಕ್ಕಾ, ಊಟ ಆಯ್ತಾ?" ಎಂದು ವಿಚಾರಿಸುವರು. ಮದುವೆಗೆ ಬಂದ ಹುಡುಗರು ನಮ್ಮ ಓಣಿ ಬಿಟ್ಟು ಕೆರೆಯ ಸುತ್ತು ಬಳಸಿ ಹೋಗುವರು. ಒಂದು ಶುಕ್ರವಾರ ಪಕ್ಕದ ಮನೆಯ ಹೊನ್ನಕ್ಕ ಅರಿಸಿನ ಕುಂಕುಮದ ಬಟ್ಟಲು ಹಿಡಿದು ಬಂದು, ಅವ್ವನಿಗೆ ಇಟ್ಟು, ನನಗಿಟ್ಟು, ನೇರ ಮಗ್ಗದ ಹತ್ತಿರ ಹೋಗಿ ಅಪ್ಪನ ಹಣೆಗೂ ಇಟ್ಟಳು. "ಎಷ್ಟಾದ್ರೂ ಹೆಣ್ಣಲ್ವಾ, ಬಿಟ್ಟರೆ ತಪ್ಪಾಗ್ತದೆ" ಎಂದಳು. ಅಪ್ಪನಿಗೆ ಬೇಡ ಎನ್ನಲು ನಾಚಿಕೆ. ಅವತ್ತು ಸಂಜೆಯವರೆಗೂ ಕುಂಕುಮ ಇಟ್ಟುಕೊಂಡೇ ನೇಯ್ದ.

ಆ ರಾತ್ರಿ ಊಟದ ಮುಂದೆ ಅಪ್ಪ ನನ್ನನ್ನು ಮೆಲ್ಲಗೆ ಕೇಳಿದ. "ನಿಂಗೀ, ನಾನು ನಾನೇ ಅಲ್ವೇನೇ?"

"ಹೌದಪ್ಪಾ."

"ಹೆಂಗೆ ಹೇಳ್ತೀಯಾ?"

ಯೋಚಿಸಿದೆ. "ನೇಯೋವಾಗ ನಾಲಿಗೆ ಹೊರಗೆ ಹಾಕ್ತೀಯಲ್ಲ, ಅದಕ್ಕೆ."

ಅಪ್ಪನ ಮುಖ ಇನ್ನಷ್ಟು ಇಳಿಯಿತು. "ಅವಳೂ ಹಾಕ್ತಾಳಲ್ಲೇ."

ಮಾರನೆಯ ದಿನ ಅವ್ವ ನಮ್ಮಿಬ್ಬರನ್ನೂ ಹೊರಡಿಸಿಕೊಂಡು ಆಟ ಕಲಿಸುವ ಓಬಳಪ್ಪನವರ ಮನೆಗೆ ನಡೆದಳು. ಓಬಳಪ್ಪನವರು ಮುದುಕರು, ಕಣ್ಣು ಮಂಜು, ಆದರೆ ಬಯಲಾಟದ ಕಟ್ಟಳೆಗೆ ನಮ್ಮ ಸೀಮೆಯಲ್ಲೆಲ್ಲ ಅವರ ಮಾತೇ ಕೊನೆ.

"ಮನೇಲೇ ಕರೆದ್ರೆ ಆಗಲ್ವಾ ಓಬಳಪ್ಪಾರೇ?" ಎಂದಳು ಅವ್ವ.

"ಸತ್ತಿದ್ದು ಅಲ್ಲಿ, ಕರೆಯೋದು ಇಲ್ಲಿ ಅಂದ್ರೆ ಬರೋನು ದಾರಿ ತಪ್ಪಲ್ವೇನವ್ವಾ?"

"ಹಂಗಾದ್ರೆ ವೇಷ ಕಟ್ಕಂಡು ಹೋಗಿ ಅಲ್ಲೇ ಮಲಗ್ತೀನಿ" ಎಂದ ಅಪ್ಪ.

"ಆಟ ಇಲ್ದೆ ವೇಷ ಕಟ್ಟಿದ್ರೆ ಅದಕ್ಕೆ ಹುಚ್ಚು ಅಂತಾರೆ."

"ಅದೇ ಆಟ ಇನ್ನೊಂದು ಸಲ ಆಡಾನ."

"ಅದರಾಗೆ ಅವಳು ಸತ್ತಾಯ್ತಲ್ಲಪ್ಪಾ. ಸತ್ತೋಳನ್ನ ಮತ್ತೆ ಹುಟ್ಟಿಸಾಕೆ ನಾನೇನು ಬ್ರಹ್ಮನಾ? ಕತೆ ಮುಂದಕ್ಕೆ ಹೋಗಬೇಕು. ಸತ್ತ ರಕ್ಕಸಿ ಯಾಕೆ ಎದ್ದು ಬಂದ್ಲು ಅಂತ ಎರಡನೇ ಭಾಗ ಕಟ್ಟಬೇಕು." ಹೇಳುತ್ತ ಹೇಳುತ್ತ ಅವರ ಮಂಜುಗಣ್ಣು ಹೊಳೆಯತೊಡಗಿತು. ಈಗ ಯೋಚಿಸಿದರೆ, ಎರಡನೇ ಭಾಗ ಕಟ್ಟಬೇಕೆಂಬ ಆಸೆ ಅವರಿಗೆ ಮೊದಲೇ ಇದ್ದು, ಕಟ್ಟಳೆಯೆಲ್ಲ ಅಲ್ಲಿ ಕೂತಲ್ಲೇ ಹುಟ್ಟಿತೇನೋ ಎಂದು ಅನುಮಾನ ಬರುತ್ತದೆ. ಆಗ ಬರಲಿಲ್ಲ.

ಮೊದಲ ಭಾಗ ಯಾರು ಬರೆದದ್ದೋ, ಎರಡನೆಯದನ್ನು ಬರೆದವಳು ನಾನು. ಅಂದರೆ ಅವರು ಹೇಳಿದ್ದನ್ನು ಬರೆದುಕೊಂಡವಳು. ಅವರಿಗೆ ಕಣ್ಣು ಕಾಣದು, ಊರಲ್ಲಿ ಅಕ್ಷರ ಬಲ್ಲವರು ಕಡಿಮೆ. ನಾನು ಚಾವಡಿಯ ಜಗುಲಿಯ ಶಾಲೆಗೆ ಹೋಗುತ್ತಿದ್ದೆ. ಹುಡುಗಿಯರು ಇಬ್ಬರೇ. ಅಯ್ಯನೋರು ಹೆಸರು ಕೂಗಿದಾಗ ನಾನು ಬಂದಿದ್ದೇನೆ ಎನ್ನುವ ಬದಲು ಸ್ಲೇಟು ಎತ್ತಿ ಹಿಡಿಯುತ್ತಿದ್ದೆ. ಮೂರು ತಿಂಗಳು ಅವರು ನನ್ನನ್ನು ಮೂಗಿ ಎಂದೇ ತಿಳಿದಿದ್ದರು. ಆಮೇಲೆ ಒಂದು ದಿನ ಚೇಳು ಕಂಡು ಕಿರುಚಿದ್ದರಿಂದ ವಿಷಯ ಬಯಲಾಯಿತು.

ಎರಡನೇ ಭಾಗದ ಕತೆ ಹೀಗಿತ್ತು. ಧೂಮಕೇಶಿಗೆ ಒಬ್ಬಳು ಮಗಳಿದ್ದಳು. ಹಸುಗೂಸಾಗಿದ್ದಾಗ ಬಂಡೆಯ ಮೇಲಿಂದ ಉರುಳಿ ಮನುಷ್ಯರ ಊರಿಗೆ ಬಂದುಬಿಟ್ಟಿದ್ದಳು. ಒಬ್ಬ ಕುಂಬಾರ ಸಾಕಿಕೊಂಡ. ತಾನು ರಕ್ಕಸರವಳು ಎಂದು ಅವಳಿಗೆ ಗೊತ್ತಿಲ್ಲ. ಊಟ ಸ್ವಲ್ಪ ಹೆಚ್ಚು, ಒಂದೆರಡು ಸಲ ಕುಂಬಾರನ ಗಡಿಗೆಗಳನ್ನೂ ತಿಂದಿದ್ದಾಳೆ, ಆದರೆ ಒಳ್ಳೆಯ ಹುಡುಗಿ. ಅವಳನ್ನು ಮೆಚ್ಚಿ ಮದುವೆಯಾಗಲು ಬರುವವನು, ಧೂಮಕೇಶಿಯನ್ನು ಕೊಂದನಲ್ಲ, ಅದೇ ರಾಜಕುಮಾರ! ಇದನ್ನು ಕೇಳಿ ಧೂಮಕೇಶಿ ಪ್ರೇತವಾಗಿ ಎದ್ದು ಬರುತ್ತಾಳೆ. ಅಳಿಯನನ್ನು ನುಂಗಬೇಕೋ, ಕಾಲು ತೊಳೆಯಬೇಕೋ ತಿಳಿಯದೆ ಒದ್ದಾಡುತ್ತಾಳೆ.

ಮಗಳ ಪಾತ್ರಕ್ಕೆ ಕಮ್ಮಾರರ ಈರಣ್ಣನೇ ಆಗಬೇಕು, ಹೆಣ್ಣಿನ ದನಿ ಅವನೊಬ್ಬನಿಗೇ ಇದ್ದದ್ದು. ಆದರೆ ಅವನಿಗೆ ಹುರಿಮೀಸೆ.

"ಮೀಸೆ ತೆಗಿಯೋ" ಎಂದರು ಓಬಳಪ್ಪನವರು.

"ಹೆಂಗೆ ತೆಗೀಲಿ? ನಮ್ಮಪ್ಪ ಗುಂಡುಕಲ್ಲಿನಂಗೆ ಮನೇಲಿ ಕುಂತವ್ನೆ. ನಾನು ಮೀಸೆ ಬೋಳಿಸ್ಕಂಡ್ರೆ ಊರೋರೆಲ್ಲಾ ಅಳಾಕೆ ಬರ್ತಾರೆ. ನಮ್ಮಪ್ಪ ಅವರಿಗೆ ಬಾಗಿಲು ತೆಗೀಬೇಕಾಗ್ತದೆ."

ಅದೂ ನಿಜವೇ. ನಮ್ಮಲ್ಲಿ ತಂದೆ ಸತ್ತರೆ ಮೀಸೆ ತೆಗೆಯುವುದು. ಓಬಳಪ್ಪನವರು ಒಂದು ಗಳಿಗೆ ಕಣ್ಣು ಮುಚ್ಚಿ, ರಕ್ಕಸರ ಹೆಣ್ಣಿಗೆ ಮೀಸೆಯೇ ಲಕ್ಷಣ ಎಂಬರ್ಥದ ಒಂದು ಪದ ಕಟ್ಟಿ ಹೇಳಿದರು. ನಾನು ಬರೆದುಕೊಂಡೆ. ರಾಜಕುಮಾರ ಆ ಮೀಸೆಯನ್ನು ನೋಡಿಯೇ ಮನಸೋಲುವ ಹಾಗೆ ಇನ್ನೊಂದು ಪದವನ್ನೂ ಸೇರಿಸಿದರು.

ಒಂದು ಮಾತು ಮಾತ್ರ ನಾನು ಸೇರಿಸಿದ್ದು. ಇಷ್ಟು ದಿನ ಯಾರಿಗೂ ಹೇಳಿಲ್ಲ. ಪ್ರೇತವಾಗಿ ಬಂದ ತಾಯಿ ಮಗಳನ್ನು ಮೊದಲ ಸಲ ನೋಡುವ ಜಾಗದಲ್ಲಿ ಓಬಳಪ್ಪನವರು ದೊಡ್ಡ ಪದವೊಂದನ್ನು ಹೇಳಿಸಿದ್ದರು, ಬೆಟ್ಟ ನಡುಗುವುದು, ಸಮುದ್ರ ಉಕ್ಕುವುದು ಎಲ್ಲ ಇತ್ತು. ಅದು ಮುಗಿದ ಮೇಲೆ ನಾನು ‘ಉಂಡೆಯಾ ಮಗಳೇ’ ಎಂದು ಬರೆದೆ. ಯಾಕೆ ಬರೆದೆನೋ. ಹೊಲದಿಂದ ಬಂದ ಅವ್ವ ಮೊದಲು ಕೇಳುತ್ತಿದ್ದದ್ದು ಅದನ್ನೇ. ಅಪ್ಪನಿಗೆ ಓದು ಬಾರದು, ನಾನು ಓದಿ ಹೇಳಿದ್ದನ್ನೇ ಬಾಯಿಪಾಠ ಮಾಡಿದ. ಅದನ್ನೂ ಮಾಡಿದ.

ಇನ್ನು ಕರೆಯುವವರು ಯಾರು? ಅವ್ವ ಆಗದು. ಮನೆಯಲ್ಲಿ ಗಂಡುಮಕ್ಕಳಿಲ್ಲ. ಮದುಮಗಳಾಗಬೇಕಾದ ಅಕ್ಕ ಬೀಗರ ಮುಂದೆ ಬಯಲಿಗೆ ಬರುವಂತಿಲ್ಲ. ಉಳಿದವಳು ನಾನು. ಮಕ್ಕಳೂ ಅಪ್ಪನ ಹೆಸರು ಹಿಡಿದು ಕರೆಯುವಂತಿಲ್ಲ, ಆದರೆ ಕಟ್ಟಳೆಗಾಗಿ ಕರೆದರೆ ದೋಷವಿಲ್ಲ ಎಂದು ಓಬಳಪ್ಪನವರು ತೀರ್ಪು ಕೊಟ್ಟರು. "ಒಂದು ಸಲಕ್ಕೆ ‘ಓ’ ಅಂದ್ರೆ ಅವನೋ ಅವಳೋ ಗೊತ್ತಾಗಲ್ಲ. ಮೂರು ಸಲ ಕರಿ" ಎಂದು ನನಗೆ ಬೇರೆ ಹೇಳಿದರು. ನಾನು ಕೊಟ್ಟಿಗೆಯಲ್ಲಿ ಎಮ್ಮೆಯ ಮುಂದೆ ನಿಂತು ಅಭ್ಯಾಸ ಮಾಡಿದೆ. ಎಮ್ಮೆ ಎದುರು ಚೆನ್ನಾಗಿಯೇ ಬರುತ್ತಿತ್ತು.

ಹುಣ್ಣಿಮೆಗೆ ಎರಡು ದಿನ ಮುಂಚೆ ಮಾರಕ್ಕಜ್ಜಿ ಮೊಮ್ಮಗನ ಸಮೇತ ಗಾಡಿ ಹೂಡಿಕೊಂಡು ಬಂದಳು. ಬಂದವಳೇ ತಕರಾರು ತೆಗೆದಳು. "ಮದುಮಗನ್ನ ಪಕ್ಕದಾಗೆ ಕುಂಡ್ರಿಸ್ಕಂಡು ಕತ್ತಲಾಗೆ ನಾನು ರಕ್ಕಸಿ ಮುಂದೆ ಕುಂತ್ಕಳಲ್ಲ. ಹಗಲೇ ಆಡ್ರಿ."

ಹಗಲು ಬಯಲಾಟ ಆಡಿದ್ದನ್ನು ಯಾರೂ ಕಂಡಿರಲಿಲ್ಲ. ವಿಧಿಯಿಲ್ಲದೆ ಬೆಳಗಿನ ಊಟ ಮುಗಿಸಿ, ಚಾವಡಿ ಮುಂದಿನ ಬಯಲಿನಲ್ಲಿ ಶುರು ಮಾಡಿದರು.

ಮಕ್ಕಳೇ, ದೀವಟಿಗೆಯ ಬೆಳಕಿಗೆ ಬಳಿದ ಬಣ್ಣವನ್ನು ನೀವು ಬಿಸಿಲಿನಲ್ಲಿ ನೋಡಬಾರದು. ದೀವಟಿಗೆಯಲ್ಲಿ ಮೈ ಜುಮ್ಮೆನ್ನಿಸುತ್ತಿದ್ದ ಅಪ್ಪನ ಮುಖ ಹಗಲಿನಲ್ಲಿ ಅರ್ಧ ಸುಣ್ಣ ಹೊಡೆದು ಬಿಟ್ಟ ಗೋಡೆಯ ಹಾಗಿತ್ತು. ತಲೆಗೂದಲು ಕುರಿಯ ಕರಿ ಉಣ್ಣೆ. ಅದರೊಳಗೆ ಸಿಕ್ಕಿಕೊಂಡಿದ್ದ ಮುಳ್ಳುಕಾಯಿಗಳೂ ಕಾಣುತ್ತಿದ್ದವು. ರಕ್ಕಸಿ ಬರುವ ಮುಂಚೆ ಸೀಮೆಎಣ್ಣೆ ಡಬ್ಬ ಬಡಿದು ಗುಡುಗು ಎಬ್ಬಿಸಿದರು. ಜನ ತಲೆ ಎತ್ತಿ ನೋಡಿದರೆ ಒಂದು ತುಂಡು ಮೋಡವಿಲ್ಲ. ಸಾಂಬ್ರಾಣಿ ಹೊಗೆ ಹಾಕಿದರು. ಗಾಳಿಯಿಲ್ಲದೆ ಅದು ಅಲ್ಲೇ ನಿಂತು, ಧೂಮಕೇಶಿಯ ಪ್ರೇತ ಅಬ್ಬರಿಸುವ ಬದಲು ಕೆಮ್ಮುತ್ತ ಬಂತು. ರಾಜಕುಮಾರನ ಪಾತ್ರದ ಗಂಗಣ್ಣ, "ಎಲೈ ರಕ್ಕಸೀ" ಎಂದವನು ಪಾಪ, "ನೀರು ಕುಡೀತೀಯಾ?" ಎಂದು ಕೇಳಿಯೂ ಬಿಟ್ಟ.

ಜನ ನಕ್ಕದ್ದೇ ನಕ್ಕದ್ದು. ಈರಣ್ಣ ಸೆರಗು ಹೊದ್ದು ಮೀಸೆ ತೀಡುತ್ತ, "ನಾನಾರ ಮಗಳೋ, ನಾನಾರ ಮಗಳೋ" ಎಂದು ಹಾಡುತ್ತಾ ಗಡಿಗೆ ಕಚ್ಚಿದಾಗ ಅವನ ಅಪ್ಪ ಎದ್ದು ನಿಂತು, "ನನ್ನ ಮಗ ಕಣಲೇ ನೀನು!" ಎಂದು ಕೂಗಿದ. ಮಾರಕ್ಕಜ್ಜಿ ಕೂಡ ಬಾಯಿಗೆ ಸೆರಗು ಒತ್ತಿಕೊಂಡಳು.

ಆಮೇಲೆ ಆ ಜಾಗ ಬಂತು. ಅಪ್ಪ ಬೆಟ್ಟ ನಡುಗುವ ಪದವನ್ನು ಹೇಳಿ, ಈರಣ್ಣನ ಮುಂದೆ ನಿಂತು, ಅವನ ಗಡಿಗೆಯ ಮಸಿ ಹತ್ತಿದ ಬಾಯನ್ನು ಕೈಯಿಂದ ಒರೆಸಿ, "ಉಂಡೆಯಾ ಮಗಳೇ?" ಎಂದ.

ಅಬ್ಬರವಿಲ್ಲ, ಹಾಡಿಲ್ಲ. ಅಪ್ಪನ ಮಾಮೂಲಿ ದನಿ. ಹೆಂಗಸರ ಕಡೆ ಯಾರೋ ಮೂಗು ಸೀಟಿದರು. ಹಿಂದೆಯೇ ಹತ್ತು ಜನ ಸೀಟಿದರು. ನಾನು ಬಯಲಿನ ಎದುರಿಗಿದ್ದ ನಮ್ಮ ಮನೆಯ ಬಾಗಿಲ ಕಡೆ ನೋಡಿದೆ. ಅಕ್ಕ ಅಲ್ಲಿ ನಿಂತಿದ್ದಳು.

ಇದರಿಂದ ಕೆಲಸ ಕೆಟ್ಟಿತು. ಗಂಗಣ್ಣ ಕತ್ತಿ ಎತ್ತಿದನೋ ಇಲ್ಲವೋ, ಹೆಂಗಸರೆಲ್ಲ ಎದ್ದು ನಿಂತರು. "ಲೇ ಗಂಗಣ್ಣ, ಕೈ ಇಕ್ಕಿ ನೋಡು! ಹೆತ್ತವ್ವ ಕಣೋ ಅದು!" ಗುಂಪಿನಿಂದ ಅವನ ಹೆಂಡತಿಯೇ, "ಇವತ್ತು ಮನೆಗೆ ಬಾ, ನಿನಗೆ ಮುದ್ದೆ ಹಾಕ್ತೀನಿ ನಾನು" ಎಂದು ಬೆದರಿಸಿದಳು. ಗಂಗಣ್ಣನ ಕೈಯಿಂದ ಕತ್ತಿ ಜಾರಿತು. ಓಬಳಪ್ಪನವರು ತಾಳ ಬಡಿಯುತ್ತ, ಬೆವರುತ್ತ, "ದೂಮಕ್ಕಾ, ಸಾಯವ್ವಾ, ಹೆಂಗಾದ್ರೂ ಮಾಡಿ ಸಾಯವ್ವಾ" ಎಂದು ಗೋಗರೆಯತೊಡಗಿದರು. ಅವಳು ಸಾಯದಿದ್ದರೆ ನಾನು ಕರೆಯುವಂತಿಲ್ಲ, ನಾನು ಕರೆಯದಿದ್ದರೆ ಅಕ್ಕನಿಗೆ ಮದುವೆಯಿಲ್ಲ.

ಅಪ್ಪ ಸುತ್ತ ನೋಡಿದ. ಈರಣ್ಣನ ಕೈ ಹಿಡಿದು ತಂದು ಗಂಗಣ್ಣನ ಕೈಯಲ್ಲಿಟ್ಟ. ಅದರ ಮೇಲೆ ತನ್ನ ಎರಡೂ ಕೈ ಮುಚ್ಚಿದ. ಬರೆದ ಪದದಲ್ಲಿ ಇದ್ಯಾವುದೂ ಇರಲಿಲ್ಲ. "ಇನ್ನು ನಂದೇನೂ ಕೆಲಸ ಇಲ್ಲ" ಎಂದವನೇ ಯಾರೂ ಮುಟ್ಟದೆ ಅಂಗಾತ ಬಿದ್ದು ಸತ್ತ.

ಅವ್ವ ನನ್ನ ಬೆನ್ನಿಗೆ ಕೈ ಹಚ್ಚಿ ದೂಡಿದಳು. ಚೊಂಬು ಹಿಡಿದು ಹೋಗಿ ಅಪ್ಪನ ತಲೆಯ ಹತ್ತಿರ ನಿಂತೆ. ಕೊಂಡ್ಲಹಳ್ಳಿ ಪೂರ್ತಿ ನನ್ನ ಮುಖ ನೋಡುತ್ತಿತ್ತು. ಬಾಯಿ ತೆರೆದೆ. ತೆರೆದ ಬಾಯಿ ತೆರೆದೇ ಇತ್ತು. ಎಮ್ಮೆಯ ಮುಖವನ್ನು ನೆನೆಸಿಕೊಂಡೆ. ಎಮ್ಮೆಗೂ ನನಗೂ ಇದ್ದ ಸಲಿಗೆ ಈ ಜನಕ್ಕೂ ನನಗೂ ಇರಲಿಲ್ಲ.

"ಕೂಗೇ" ಎಂದಳು ಅವ್ವ ಹಿಂದಿನಿಂದ.

"ಕರಿಯೇ ನಿಂಗೀ" ಎಂದ ಅಪ್ಪ ಕೋರೆಹಲ್ಲಿನ ಸಂದಿಯಿಂದ, ತುಟಿ ಅಲ್ಲಾಡಿಸದೆ.

ಅಪ್ಪ ಬಿದ್ದದ್ದು ಗೊದ್ದದ ಇರುವೆಯ ಗೂಡಿನ ಪಕ್ಕ. ಕರಿ ಗೊದ್ದಗಳು ಒಂದರ ಹಿಂದೊಂದು ಅವನ ತೋಳು ಹತ್ತಿ, ಕೊರಳು ದಾಟಿ, ಕಿವಿಯ ಕಡೆ ಹೊರಟಿದ್ದವು. ಕಚ್ಚಿದ ಕಡೆಯೆಲ್ಲ ಮೈ ಸಣ್ಣಗೆ ಅದುರುತ್ತಿತ್ತು. ಕಣ್ಣಿನ ಅಂಚಿನಿಂದ ನೀರು ಇಳಿದು ಮಸಿಯಲ್ಲಿ ಎರಡು ಗೆರೆಯಾಯಿತು. ಆದರೂ ಏಳಲಿಲ್ಲ. ಹೋದ ಸಲ ತಾನಾಗಿ ಎದ್ದು ಮಗಳ ಮದುವೆಗೆ ಕುತ್ತು ತಂದವನು, ಈ ಸಲ ಗೊದ್ದ ತಿಂದು ಮುಗಿಸಿದರೂ ಏಳುವವನಲ್ಲ. ನನಗೆ ಅಳು ಬಂತು. ಅಳುವಿಗೂ ದನಿ ಬರಲಿಲ್ಲ.

"ಲೇ ಬೊಮ್ಮಣ್ಣಾ!" ಎಂದು ಬಯಲು ಬಿರಿಯುವ ಹಾಗೆ ಕೂಗು ಕೇಳಿತು. "ಗೊದ್ದ ಕಣೋ, ಕಿವಿಯೊಳಕ್ಕೆ ಹೋಗ್ತಾವೆ, ಏಳೋ ಮಗನೇ!"

"ಓ ಅವ್ವಾ!" ಎಂದು ಅಪ್ಪ ದಡಕ್ಕನೆ ಎದ್ದು ಕೂತ.

ಕೂಗಿದವಳು ಮಾರಕ್ಕಜ್ಜಿ. ಎದ್ದು ನಿಂತಿದ್ದಳು, ಕೋಲು ನೆಲಕ್ಕೆ ಬಿದ್ದಿತ್ತು. ತಾನು ಏನು ಮಾಡಿದೆ ಎಂದು ಅವಳಿಗೆ ಆಗ ಹೊಳೆಯಿತು.

ಓಬಳಪ್ಪನವರು ತಾಳ ಕೆಳಗಿಟ್ಟರು. "ಕರೆದೋರು ಯಾರು?"

"ನಾನು. ಅಲ್ಲ, ಆ ಹುಡುಗಿ ಕಲ್ಲಿನಂಗೆ ನಿಂತಿದ್ಲು, ಇವನು ನೋಡಿದ್ರೆ..."

"ಅದಿರಲಿ ಅಜ್ಜೀ. ಕರೆಯೋರು ಮನೆಯೋರಾಗಬೇಕು. ನೀವು ಮನೆಯೋರಾ?"

"ನಾನೆಲ್ಲಿ ಇವರ ಮನೆಯೋಳು? ನಾನು ಚಳ್ಳಕೆರೆಯೋಳು."

"ಹಂಗಾದ್ರೆ ಇವನು ಎದ್ದಿದ್ದು ನಡೆಯಲ್ಲ" ಎಂದು ಓಬಳಪ್ಪನವರು ನಿಟ್ಟುಸಿರು ಬಿಟ್ಟರು. ನಿಟ್ಟುಸಿರಿನಲ್ಲಿ ದುಃಖ ಕಡಿಮೆ ಇತ್ತು. "ಮೂರನೇ ಭಾಗ ಆಡಬೇಕಾಗ್ತದೆ. ಕತೆ ತಲೇಲಿ ಐತೆ. ಧೂಮಕೇಶಿಯ ಅತ್ತೆ."

ಜನ ಹೋ ಎಂದರು. ಈರಣ್ಣ ಅತ್ತೆಯ ಪಾತ್ರ ತನಗೇ ಬೇಕು, ಅತ್ತೆಗೆ ಮೀಸೆ ಇದ್ದರೂ ನಡೆಯುತ್ತದೆ ಎಂದ.

ಮಾರಕ್ಕಜ್ಜಿ ಬಾಯಿ ತೆರೆದವಳು ಪಕ್ಕಕ್ಕೆ ತಿರುಗಿದಳು. ಅವಳ ಮೊಮ್ಮಗ ಸಿದ್ದಣ್ಣ ಆಟವನ್ನೂ ನೋಡುತ್ತಿರಲಿಲ್ಲ, ಅಜ್ಜಿಯನ್ನೂ ನೋಡುತ್ತಿರಲಿಲ್ಲ. ನಮ್ಮ ಮನೆಯ ಬಾಗಿಲನ್ನು ನೋಡುತ್ತಿದ್ದ. ಬಾಗಿಲಲ್ಲಿ ಅಕ್ಕ ಬೀಗರಿದ್ದಾರೆಂಬುದನ್ನೂ ಮರೆತು, ಮುಖಕ್ಕೆ ಎರಡೂ ಕೈ ಮುಚ್ಚಿಕೊಂಡು ನಿಂತಿದ್ದಳು. ಮುದುಕಿ ಒಂದು ಸಲ ಅವನನ್ನು ನೋಡಿದಳು, ಒಂದು ಸಲ ಅವಳನ್ನು ನೋಡಿದಳು, ಕೆಂಪಗೆ ದದ್ದು ಎದ್ದ ಮೈಯನ್ನು ಕೆರೆದುಕೊಳ್ಳಲೂ ಹೆದರಿ ಕೂತಿದ್ದ ಅಪ್ಪನನ್ನು ನೋಡಿದಳು.

"ಯಾರು ಹೇಳಿದ್ದು ನಾನು ಮನೆಯೋಳಲ್ಲ ಅಂತ?" ಎಂದು ಓಬಳಪ್ಪನವರ ಮೇಲೆ ಹರಿಹಾಯ್ದಳು. "ಬೀಗಿತ್ತಿ ಅಂದ್ರೆ ಮನೆಯೋಳಲ್ದೆ ಹಾದಿಲಿ ಹೋಗೋಳೇನು?" ಬಂದು ನನ್ನ ಕೈಯಿಂದ ಚೊಂಬು ಕಿತ್ತುಕೊಂಡಳು. "ಬಗ್ಗೋ ಬೊಮ್ಮಣ್ಣ" ಎಂದು ಅಷ್ಟೂ ನೀರನ್ನು ಅಪ್ಪನ ನೆತ್ತಿಗೆ ಹೊಯ್ದಳು.

ಉಣ್ಣೆಯ ಕೂದಲು ಜಾರಿತು. ಕಪ್ಪು, ಕೆಂಪು, ಬಿಳಿ ಎಲ್ಲ ಒಂದಾಗಿ ಎದೆಯ ಮೇಲೆ ಹರಿಯಿತು. ಅದರ ಕೆಳಗಿನಿಂದ ಅಪ್ಪನ ಮೂಗು ಕಂಡಿತು, ಆಮೇಲೆ ಗಲ್ಲ.

ಆಗ ನನಗೆ ಬಾಯಿ ಬಂತು. ಬಂದ ಮೇಲೆ ನಿಲ್ಲಿಸಲಾಗಲಿಲ್ಲ. "ಬೊಮ್ಮಣ್ಣಾ!" ಎಂದು ಕೂಗಿದೆ. ಚಾವಡಿಯ ಪಾರಿವಾಳಗಳು ಎದ್ದು ಹೋದವು.

"ಓ" ಎಂದ ಅಪ್ಪ, ಬಾಯಿಂದ ನೀರು ಉಗುಳುತ್ತ.

ಮೂರು ಸಲ ಕರೆಯಬೇಕೆಂದು ನನಗೆ ಹೇಳಿಕೊಟ್ಟಿದ್ದರು. ನಾನು ಹೇಳಿಕೊಟ್ಟಂತೆ ನಡೆಯುವವಳು. "ಬೊಮ್ಮಣ್ಣಾ!"

"ಓ."

"ಬೊಮ್ಮಣ್ಣಾ!"

"ಓ, ಏನೇ ನಿಂಗಿ?"

ಮಾರಕ್ಕಜ್ಜಿ ಖಾಲಿ ಚೊಂಬನ್ನು ನನ್ನ ತಲೆಯ ಮೇಲೆ ಬೋರಲು ಹಾಕಿದಳು. "ಸಾಕು ಬಿಡೇ. ಒಬ್ಬನೇ ಇರೋದು ಒಳಗೆ."